ಮೊಮೊಗೆ ರಾಗಿ ಹೊದಿಕೆ, ಅವರೆಬೇಳೆ ಹೂರಣ

ಮೈಸೂರು ಜಿಲ್ಲೆಯ ಬೈಲಕುಪ್ಪೆಗೆ ಟಿಬೆಟನ್ನರು ಬಂದು ನೆಲೆಸಿದ್ದು 1960ರ ದಶಕದ ಆರಂಭದಲ್ಲಿ. ಅವರ ಜೊತೆ ಮೊಮೊ ಕೂಡ ಬಂತು. ಈಗ ಅದು ಸಣ್ಣ ಊರುಗಳ ರಸ್ತೆ ಬದಿಯಲ್ಲೂ ಸಿಗುತ್ತದೆ. ಆದರೆ ಅಲ್ಲಿ ಸಿಗುವುದು ಹೆಚ್ಚಾಗಿ ಮೈದಾ ಹೊದಿಕೆಯ ಮೊಮೊ, ಪಕ್ಕದಲ್ಲಿ ಒಂದಿಷ್ಟು ಮಯೋನೈಸ್. ಹಬೆಯಲ್ಲಿ ಬೇಯುವ ಇಷ್ಟು ಒಳ್ಳೆಯ ತಿಂಡಿಗೆ ಇದು ಅನ್ಯಾಯ. ನಮ್ಮ ಕಡೆ ಕಡುಬು ಮಾಡಿದ ಕೈಗೆ ಮೊಮೊ ಕಷ್ಟವೇನಲ್ಲ. ಹಾಗಾಗಿ ಬೈಲಕುಪ್ಪೆಯ ಸುತ್ತ ಬೆಳೆಯುವ ರಾಗಿಯನ್ನೂ ಚಳಿಗಾಲದ ಅವರೆಯನ್ನೂ ಸೇರಿಸಿ ಮೊಮೊ ಮಾಡೋಣ.

100 ಗ್ರಾಂ ರಾಗಿಯಲ್ಲಿ ಸುಮಾರು 350 ಮಿಲಿಗ್ರಾಂ ಕ್ಯಾಲ್ಸಿಯಂ ಇದೆ. ಪಾಲಿಶ್ ಮಾಡಿದ ಅಕ್ಕಿಯಲ್ಲಿ ಇದರ ಹತ್ತನೇ ಒಂದು ಪಾಲೂ ಇರುವುದಿಲ್ಲ. ಜೊತೆಗೆ ಅವರೆಬೇಳೆಯ ಪ್ರೋಟೀನ್ ಸಿಗುತ್ತದೆ.

ಮೊದಲು ಹೂರಣ ಮಾಡಿಟ್ಟುಕೊಳ್ಳಿ, ಅದು ಆರಬೇಕು. ಎರಡು ಕಪ್ ಎಲೆಕೋಸನ್ನು ಸಣ್ಣಗೆ ಹೆಚ್ಚಿ, ಅರ್ಧ ಚಮಚ ಉಪ್ಪು ಕಲಸಿ ಹತ್ತು ನಿಮಿಷ ಬಿಡಿ. ಆಮೇಲೆ ಗಟ್ಟಿಯಾಗಿ ಹಿಂಡಿ. ಈ ನೀರನ್ನು ಚೆಲ್ಲಬೇಡಿ, ಹಿಟ್ಟಿಗೆ ಬೇಕಾಗುತ್ತದೆ. ಒಂದು ಕಪ್ ಹಿತಕಿದ ಅವರೆಬೇಳೆಯನ್ನು ಮೆತ್ತಗೆ ಬೇಯಿಸಿ, ನೀರು ಬಸಿದು ತರಿತರಿಯಾಗಿ ಮಸೆಯಿರಿ. ಪೂರ್ತಿ ನುಣ್ಣಗಾದರೆ ಕಚ್ಚುವಾಗ ಏನೂ ಸಿಗುವುದಿಲ್ಲ. ಅವರೆ ಕಾಲವಲ್ಲದಿದ್ದರೆ ಬೇಯಿಸಿದ ಹೆಸರುಕಾಳು ಅಥವಾ ಪುಡಿ ಮಾಡಿದ ಪನೀರ್ ಆಗುತ್ತದೆ.

ಬಾಣಲೆಯಲ್ಲಿ ಎರಡು ಚಮಚ ಎಣ್ಣೆ ಕಾಯಿಸಿ. ಹೆಚ್ಚಿದ ಶುಂಠಿ, ಬೆಳ್ಳುಳ್ಳಿ, ಒಂದು ಈರುಳ್ಳಿ ಬಾಡಿಸಿ. ಅವರೆಬೇಳೆ, ಎಲೆಕೋಸು ಹಾಕಿ ಜೋರು ಉರಿಯಲ್ಲಿ ಎರಡೇ ನಿಮಿಷ ಕೈಯಾಡಿಸಿ. ಒಲೆ ಆರಿಸಿದ ಮೇಲೆ ಒಂದು ಹಿಡಿ ಸಬ್ಬಸಿಗೆ ಸೊಪ್ಪು, ಕುಟ್ಟಿದ ಕಾಳುಮೆಣಸು ಬೆರೆಸಿ. ಅವರೆಯ ಸೊಗಡಿಗೆ ಸಬ್ಬಸಿಗೆಯಷ್ಟು ಒಪ್ಪುವ ಸೊಪ್ಪು ಇನ್ನೊಂದಿಲ್ಲ. ದಯವಿಟ್ಟು ಸೋಯಾ ಸಾಸ್ ಹಾಕಬೇಡಿ, ಆ ಸೊಗಡು ಮುಚ್ಚಿಹೋಗುತ್ತದೆ. ಎಲೆಕೋಸಿನಲ್ಲೇ ಉಪ್ಪಿದೆ, ರುಚಿ ನೋಡಿ ಬೇಕಿದ್ದರೆ ಮಾತ್ರ ಸೇರಿಸಿ.

ಇನ್ನು ಹಿಟ್ಟು. ಈ ತಿಂಡಿಯ ಕಷ್ಟ, ಸುಖ ಎರಡೂ ಇಲ್ಲೇ ಇದೆ. ಗೋಧಿಯಲ್ಲಿರುವ ಗ್ಲುಟನ್ ಎಂಬ ಅಂಟು ಪ್ರೋಟೀನ್‌ನಿಂದ ಹಿಟ್ಟು ಎಳೆದಂತೆ ಹಿಗ್ಗುತ್ತದೆ. ರಾಗಿಯಲ್ಲಿ ಗ್ಲುಟನ್ ಇಲ್ಲ. ರಾಗಿ ಹಿಟ್ಟಿಗೆ ತಣ್ಣೀರು ಹಾಕಿ ಕಲಸಿ ಮಡಚಲು ಹೋದರೆ ಬಿರುಕು ಬಿಡುವುದು ಖಂಡಿತ. ಕುದಿಯುವ ನೀರಿಗೆ ಹಾಕಿದಾಗ ಅದರ ಪಿಷ್ಟ ಬೆಂದು ಅಂಟು ಬರುತ್ತದೆ. ಮುದ್ದೆ ತೊಳಸುವವರಿಗೆ ಇದನ್ನು ಹೇಳಿಕೊಡಬೇಕಾಗಿಲ್ಲ, ಅಲ್ವಾ?

ಒಂದು ಕಪ್ ನೀರಿಗೆ ಚಿಟಿಕೆ ಉಪ್ಪು, ಒಂದು ಚಮಚ ಎಣ್ಣೆ ಹಾಕಿ ಕುದಿಸಿ. ಉರಿ ತಗ್ಗಿಸಿ ಒಂದು ಕಪ್ ರಾಗಿ ಹಿಟ್ಟು ಸುರಿಯಿರಿ. ಒಂದು ನಿಮಿಷ ಕಲಕದೆ ಬಿಡಿ. ಆಮೇಲೆ ಕೋಲಿನಿಂದ ತಿರುವಿ, ಮುಚ್ಚಿ, ಮೂರು ನಿಮಿಷ ಬಿಟ್ಟು ಇಳಿಸಿ. ಮುದ್ದೆಗಿಂತ ಗಟ್ಟಿಯಾಗಿ, ಉದುರುದುರಾಗಿ ಕಂಡರೆ ಸರಿಯಾಗಿದೆ. ಕೈಗೆ ತಡೆಯುವಷ್ಟು ಬಿಸಿ ಇರುವಾಗಲೇ ಮುಕ್ಕಾಲು ಕಪ್ ಗೋಧಿ ಹಿಟ್ಟು ಸೇರಿಸಿ ನಾದಿ. ಒಣಗಿದಂತಿದ್ದರೆ ಎಲೆಕೋಸಿನ ನೀರು ಚಿಮುಕಿಸಿ. ಎಂಟು ಹತ್ತು ನಿಮಿಷ ಚೆನ್ನಾಗಿ ನಾದಬೇಕು, ಇಲ್ಲಿ ಅವಸರ ಬೇಡ. ಒದ್ದೆ ಬಟ್ಟೆ ಮುಚ್ಚಿ ಅರ್ಧ ಗಂಟೆ ಇಡಿ. ಗೋಧಿಯನ್ನೂ ಬಿಟ್ಟು ಬರೀ ರಾಗಿಯಲ್ಲಿ ಮಾಡಬಹುದು, ಆದರೆ ಹೊದಿಕೆ ದಪ್ಪ ಇರಬೇಕಾಗುತ್ತದೆ. ಆಗ ಅದು ಮೊಮೊಗಿಂತ ಕಡುಬೇ ಆಗುತ್ತದೆ.

ಸಣ್ಣ ನಿಂಬೆಹಣ್ಣಿನ ಗಾತ್ರದ ಉಂಡೆ ಮಾಡಿ. ಎಣ್ಣೆ ಸವರಿದ ಬಾಳೆಲೆಯ ಮೇಲೆ ಮೂರು ಇಂಚು ಅಗಲಕ್ಕೆ ತಟ್ಟಿ. ಅಂಚು ತೆಳ್ಳಗೆ, ನಡು ಸ್ವಲ್ಪ ದಪ್ಪ ಇರಲಿ. ಒಂದು ಚಮಚ ಹೂರಣವಿಟ್ಟು, ಅಂಚಿಗೆ ನೀರು ಸವರಿ, ಕರ್ಜಿಕಾಯಿಯ ಹಾಗೆ ಅರ್ಧಚಂದ್ರಾಕಾರಕ್ಕೆ ಮಡಚಿ ಒತ್ತಿ. ಅಂಗಡಿಯ ದುಂಡು ಮೊಮೊದಷ್ಟು ನೆರಿಗೆ ಹಿಡಿಯಲು ಹೋಗಬೇಡಿ, ರಾಗಿ ಅಷ್ಟು ಬಾಗುವುದಿಲ್ಲ. ಅರ್ಧಚಂದ್ರವೂ ಮೊಮೊದ ಆಕಾರವೇ.

ಇಡ್ಲಿ ಪಾತ್ರೆಯಲ್ಲಿ ನೀರು ಕುದಿ ಬಂದ ಮೇಲೆ, ಎಲೆಕೋಸಿನ ಎಲೆ ಹಾಸಿದ ತಟ್ಟೆಯಲ್ಲಿ ಒಂದಕ್ಕೊಂದು ತಾಗದಂತೆ ಜೋಡಿಸಿ. ಹತ್ತು ಹನ್ನೆರಡು ನಿಮಿಷ ಸಾಕು. ಒದ್ದೆ ಬೆರಳಿಗೆ ಅಂಟದಿದ್ದರೆ ಬೆಂದಿದೆ. ಎರಡು ನಿಮಿಷ ಬಿಟ್ಟು ತೆಗೆಯಿರಿ.

ನಂಚಿಕೊಳ್ಳಲು ಟಿಬೆಟನ್ನರ ಖಾರದ ಚಟ್ನಿ ಸೆಪೆನ್ ಇದೆ. ಅದನ್ನು ನಮ್ಮ ಬ್ಯಾಡಗಿಯಲ್ಲಿ ಮಾಡಿ, ಬಣ್ಣ ಜಾಸ್ತಿ, ಖಾರ ಹಿತ. ಆರು ಮೆಣಸಿನಕಾಯಿಯನ್ನು ಬಿಸಿನೀರಲ್ಲಿ ನೆನೆಸಿ, ಎರಡು ಟೊಮೆಟೊ, ನಾಲ್ಕು ಎಸಳು ಬೆಳ್ಳುಳ್ಳಿ, ಉಪ್ಪು ಸೇರಿಸಿ ರುಬ್ಬಿ. ಒಂದು ಚಮಚ ಎಣ್ಣೆಯಲ್ಲಿ ಹಸಿ ವಾಸನೆ ಹೋಗುವವರೆಗೆ ಕುದಿಸಿ. ಟಿಬೆಟನ್ ಅಡುಗೆಯಲ್ಲಿ ಸಿಚುವಾನ್ ಪೆಪ್ಪರ್ ಬಳಸುತ್ತಾರೆ. ಅದೇ ಕುಲದ್ದು ನಮ್ಮ ಪಶ್ಚಿಮಘಟ್ಟದ ಜುಮ್ಮನಕಾಯಿ, ಕೊಂಕಣಿಯವರ ತೆಪ್ಪಲ್. ಸಿಕ್ಕರೆ ಬೀಜ ತೆಗೆದು, ಎರಡು ಸಿಪ್ಪೆ ಪುಡಿ ಮಾಡಿ ಚಟ್ನಿಗೆ ಹಾಕಿ. ನಾಲಿಗೆ ಜುಮ್ಮೆನ್ನುತ್ತದೆ.

ಬಿಸಿಯಾಗಿಯೇ ತಿನ್ನಿ, ಆರಿದರೆ ರಾಗಿ ಬಿರುಸಾಗುತ್ತದೆ. ಉಳಿದದ್ದನ್ನು ಮತ್ತೆ ಮೂರು ನಿಮಿಷ ಹಬೆಯಲ್ಲಿಟ್ಟರೆ ಮೆತ್ತಗಾಗುತ್ತದೆ. ಹಿಟ್ಟು, ಹೂರಣ ಮಿಕ್ಕಿದರೆ ಎರಡನ್ನೂ ಕಲಸಿ ರೊಟ್ಟಿ ತಟ್ಟಿ.