ಮೆದೆ ನೋಡಿ ಹಸು ಕಟ್ಟಿದ್ದು

ನಮ್ಮದು ಶಿರಾ ಕಡೆಯ ಕೆಂಪು ನೆಲ, ನಾಲ್ಕು ಎಕರೆ. ಮೂರು ಎಕರೆ ಮಳೆ ನಂಬಿದ ಹೊಲ, ಒಂದು ಎಕರೆಗೆ ಬೋರ್‌ವೆಲ್ ನೀರಿದೆ. ಈಗ ಕೊಟ್ಟಿಗೆಯಲ್ಲಿ ಎರಡು ಮಿಶ್ರತಳಿ ಹಸು, ರೊಪ್ಪದಲ್ಲಿ ಹತ್ತು ಕುರಿ ಇವೆ. ಮೊದಲು ನಾಲ್ಕು ಹಸು ಇದ್ದವು. ಎರಡನ್ನು ಕೊಟ್ಟ ಮೇಲೆಯೇ ಕೈಯಲ್ಲಿ ಕಾಸು ಉಳಿಯತೊಡಗಿದ್ದು.

ಆಗ ಹಾಲಿನ ಲೆಕ್ಕ ಹಾಕಿದ್ದೆ, ಹುಲ್ಲಿನ ಲೆಕ್ಕ ಹಾಕಿರಲಿಲ್ಲ. ಒಕ್ಕಣೆ ಮುಗಿದಾಗ ಒಟ್ಟಿದ ಹುಲ್ಲಿನ ಮೆದೆ ದೊಡ್ಡದಾಗಿಯೇ ಕಾಣುತ್ತಿತ್ತು. ಯುಗಾದಿ ಹೊತ್ತಿಗೆ ಅರ್ಧ ಕರಗಿತು. ಮೇ ತಿಂಗಳಲ್ಲಿ ಹೇಳಿದ ಬೆಲೆ ಕೊಟ್ಟು ಹುಲ್ಲು ತಂದೆ. ಡೇರಿ ದುಡ್ಡೆಲ್ಲ ಹುಲ್ಲಿಗೆ, ಬೂಸಕ್ಕೆ ಹೋಯಿತು. "ಮೆದೆ ನೋಡಿ ದನ ಕಟ್ಟಬೇಕು ಕಣಪ್ಪಾ" ಅಂತ ಅಮ್ಮ ಮೊದಲೇ ಹೇಳಿದ್ದರು. ನಾನು ಕೇಳಿರಲಿಲ್ಲ.

ಆ ಮೇಲೆ ಕೂತು ಲೆಕ್ಕ ಹಾಕಿದೆ. ಒಂದು ಹಸುವಿಗೆ ದಿನಕ್ಕೆ 6 ಕೆ.ಜಿ. ಒಣಹುಲ್ಲು ಅಂದರೆ ವರ್ಷಕ್ಕೆ ಸುಮಾರು 2,200 ಕೆ.ಜಿ. ಆಯಿತು. ನಮ್ಮ ಹೊಲದಲ್ಲಿ ಹದವಾಗಿ ಮಳೆ ಬಂದ ವರ್ಷ ಎಕರೆಗೆ ಒಂದೂವರೆ ಟನ್ ರಾಗಿ ಹುಲ್ಲು ಸಿಗುತ್ತದೆ. ಮೂರು ಎಕರೆಗೆ ನಾಲ್ಕೂವರೆ ಟನ್. ಅಂದರೆ ಎರಡೇ ಹಸು! ಹಸಿರು ಮೇವಿಗೆ ಹತ್ತು ಗುಂಟೆ ನೇಪಿಯರ್ ಇದೆ. ಕೊಟ್ಟಿಗೆ ತೊಳೆದ ನೀರು ಅದಕ್ಕೇ ಹೋಗುತ್ತದೆ.

ಹುಲ್ಲೇ ಮುಖ್ಯ ಅಂತ ಆದ ಮೇಲೆ ರಾಗಿ ಕೊಯ್ಲಿಗೆ ಯಂತ್ರ ಬಿಡುವುದು ನಿಲ್ಲಿಸಿದೆ. ಯಂತ್ರದಲ್ಲಿ ಕೂಲಿ ಉಳಿಯುತ್ತದೆ ನಿಜ. ಆದರೆ ಉದ್ದ ಕೂಳೆ, ಅಂದರೆ ಕೊಯ್ದ ಪೈರಿನ ಬುಡ, ಬಿಡುತ್ತದೆ, ಎಷ್ಟೋ ಹುಲ್ಲು ಹೊಲದಲ್ಲೇ ಪುಡಿಯಾಗುತ್ತದೆ. ಕುಡುಗೋಲಲ್ಲಿ ಬುಡಕ್ಕೆ ಕೊಯ್ಸಿದರೆ ಪೂರ್ತಿ ಮನೆಗೆ ಬರುತ್ತದೆ. ರಾಗಿ ಹುಲ್ಲಿನ ದೊಡ್ಡ ಗುಣ ಅಂದರೆ, ಮೆದೆ ಸರಿಯಾಗಿ ಒಟ್ಟಿದರೆ ಎರಡು ಮೂರು ವರ್ಷವಾದರೂ ಕೆಡುವುದಿಲ್ಲ. ಒಳ್ಳೆ ವರ್ಷದ್ದು ಬರಗಾಲಕ್ಕೆ ಆಗುತ್ತದೆ. ರಾಗಿ ನಡುವಿನ ಅಕ್ಕಡಿ ಸಾಲಿನಲ್ಲಿ ಅವರೆ, ತೊಗರಿ ಹಾಕುತ್ತೇನೆ. ಅದರ ಹೊಟ್ಟು ಕುರಿಗಳಿಗೆ ಬಲು ಇಷ್ಟ.

ಗೊಬ್ಬರದಲ್ಲೂ ಪಾಠ ಕಲಿತೆ. ಮೊದಲು ಸಗಣಿ ಸುಮ್ನೆ ಬಯಲಲ್ಲಿ ರಾಶಿ ಹಾಕಿ, ಅರ್ಧ ಕೊಳೆತದ್ದನ್ನೇ ಹೊಲಕ್ಕೆ ಹೊಡೆಯುತ್ತಿದ್ದೆ. ಒಂದು ವರ್ಷ ಕಡಲೆಕಾಯಿ ಗಿಡ ಒಣಗಿ ನಿಂತವು. ಕಿತ್ತು ನೋಡಿದರೆ ಬುಡದಲ್ಲಿ ಬೇರು ತಿನ್ನುವ ಗೊಣ್ಣೆಹುಳು, ಅರ್ಧ ಕೊಳೆತ ಗೊಬ್ಬರದ ಜೊತೆಗೇ ಬಂದದ್ದು. ಕಳೆಯೂ ಜಾಸ್ತಿಯಾಯಿತು. ಈಗ ಹೊಂಗೆ ಮರದ ನೆರಳಲ್ಲಿ ಗುಂಡಿ ಇದೆ. ಗೋದಲಿಯಲ್ಲಿ ಉಳಿದ ಹುಲ್ಲನ್ನು ಹಸುವಿನ ಕೆಳಗೆ ಹಾಸುತ್ತೇವೆ, ಅದು ಗಂಜಲ ಹೀರುತ್ತದೆ. ಸಾರಜನಕದ ದೊಡ್ಡ ಪಾಲು ಗಂಜಲದಲ್ಲೇ ಇರುವುದು, ಅದನ್ನೇ ನಾವು ಚರಂಡಿಗೆ ಬಿಡುತ್ತಿದ್ದೆವು! ಹಾಸನ್ನೂ ಸಗಣಿಯನ್ನೂ ಪದರವಾಗಿ ಹಾಕಿ ಮಣ್ಣು ಮುಚ್ಚುತ್ತೇವೆ. ಪೂರ್ತಿ ಕೊಳೆತು ಮಣ್ಣಿನ ವಾಸನೆ ಬರುವ ತನಕ ಹೊಲಕ್ಕೆ ಒಯ್ಯುವುದಿಲ್ಲ. ಯೂರಿಯಾ ಪೂರ್ತಿ ಬಿಟ್ಟಿಲ್ಲ, ಕಮ್ಮಿ ಮಾಡಿದ್ದೇನೆ.

ಬೇಸಿಗೆಯಲ್ಲಿ ರೊಪ್ಪವನ್ನೇ ಹೊಲಕ್ಕೆ ಒಯ್ಯುತ್ತೇವೆ. ಬಲೆ ಕಟ್ಟಿ, ಕೆಲವು ದಿನಕ್ಕೊಮ್ಮೆ ಜಾಗ ಬದಲಿಸಿದರೆ ಗೊಬ್ಬರ ಹೊರುವ ಕೆಲಸವೇ ಇಲ್ಲ. ಕುರಿ ನಿಂತ ಜಾಗದ ಪೈರು ಮುಂದಿನ ವರ್ಷವೂ ಕಡುಹಸಿರಾಗಿ ಎದ್ದು ಕಾಣುತ್ತದೆ.

ಒಂದು ವಿಷಯದಲ್ಲಿ ಮಾತ್ರ ಯಾರೂ ಮೈಮರೆಯಬೇಡಿ. ಜೋಳ ಕೊಯ್ದ ಮೇಲೆ ಮಳೆ ಬಂದು ಕೂಳೆ ಚಿಗುರಿತ್ತು. ಮೇಯಲಿ ಅಂತ ಕುರಿ ಬಿಟ್ಟೆ. ಸ್ವಲ್ಪ ಹೊತ್ತಿಗೆ ಎರಡು ಕುರಿ ಉಸಿರು ಎಳೆಯಲಾಗದೆ ಬಿದ್ದವು. ಡಾಕ್ಟರು ಬರುವಷ್ಟರಲ್ಲಿ ಒಂದು ಹೋಯಿತು, ಇನ್ನೊಂದು ಇಂಜೆಕ್ಷನ್‌ನಿಂದ ಉಳಿಯಿತು. ಎಳೆ ಜೋಳದಲ್ಲಿ, ಅದರಲ್ಲೂ ಕೂಳೆ ಚಿಗುರಿನಲ್ಲಿ, ಸಯನೈಡ್ ವಿಷ ಇರುತ್ತದೆ. ಹೂವಾದ ಮೇಲೆ ಆ ಭಯ ಕಮ್ಮಿ. ಸತ್ತ ಆ ಕುರಿ ಗಬ್ಬವಾಗಿತ್ತು. ಇವತ್ತಿಗೂ ನೆನೆದರೆ ಸಂಕಟವಾಗುತ್ತದೆ.

ಈ ಸಲ ಹಳೆ ಮೆದೆ ಒಂದನ್ನು ಇನ್ನೂ ಬಿಚ್ಚಿಲ್ಲ. ಮನೆಯಲ್ಲೇ ಹುಟ್ಟಿದ, ಇನ್ನೂ ಕರು ಹಾಕದ ಪಡ್ಡೆ ಹಸು ಒಂದಿದೆ. ಅದನ್ನು ಉಳಿಸಿಕೊಳ್ಳೋಣ ಅಂತ ಮಗಳ ಆಸೆ. ಒಕ್ಕಣೆ ಮುಗಿಯಲಿ, ಹೊಸ ಮೆದೆ ಎಷ್ಟಾಗುತ್ತದೋ ನೋಡಿ ಹೇಳುತ್ತೇನೆ ಅಂದಿದ್ದೇನೆ.