ಬಿಸಿಲೂರಿನ ಕಿಟಕಿಯಲ್ಲಿ ನಸ್ಟರ್ಷಿಯಂ

ಬಳ್ಳಾರಿ, ರಾಯಚೂರಿನ ಬೇಸಿಗೆ 40 ಡಿಗ್ರಿ ದಾಟುತ್ತದೆ. ನಸ್ಟರ್ಷಿಯಂ ದಕ್ಷಿಣ ಅಮೆರಿಕದ ಆಂಡಿಸ್ ಬೆಟ್ಟಗಳ ತಂಪಿನಲ್ಲಿ ಹುಟ್ಟಿದ ಗಿಡ. 15ರಿಂದ 25 ಡಿಗ್ರಿ ಇದ್ದರೆ ಹಿಗ್ಗುತ್ತದೆ. ಉಷ್ಣಾಂಶ 30ರ ಮೇಲೆಯೇ ನಿಂತರೆ ಹೂವು ಕಡಿಮೆಯಾಗಿ ಗಿಡ ಸೊರಗುತ್ತದೆ. ಹಾಗೆಂದು ಆಸೆ ಬಿಡಬೇಕಾಗಿಲ್ಲ. ಬೀಜದ ಪೊಟ್ಟಣದ ಮೇಲೆ ವಸಂತದಲ್ಲಿ ಬಿತ್ತಿ ಎಂದು ಅಚ್ಚಾಗಿದ್ದರೆ ಅದು ಹಿಮ ಬೀಳುವ ದೇಶದವರಿಗೆ ಹೇಳಿದ ಮಾತು. ನಮ್ಮ ಕಡೆ ದಸರಾ ಮುಗಿದ ಮೇಲೆ, ದೀಪಾವಳಿಯ ಆಸುಪಾಸಿನಲ್ಲಿ ಬಿತ್ತಬೇಕು. ಎರಡು ತಿಂಗಳಿಗೆ ಹೂವು ಶುರುವಾಗುತ್ತದೆ, ಶಿವರಾತ್ರಿಯವರೆಗೆ ನಡೆಯುತ್ತದೆ. ಈ ಲೆಕ್ಕ ತಪ್ಪಿದರೆ ಉಳಿದ ಆರೈಕೆಯೆಲ್ಲ ವ್ಯರ್ಥ.

ಈ ಹೂವಿನಲ್ಲಿ ಹಬ್ಬುವ ತಳಿಗಳೂ ಇವೆ, ಕುಳ್ಳ ತಳಿಗಳೂ ಇವೆ. ಮನೆಯೊಳಗೆ ಕುಳ್ಳ ತಳಿಯೇ ಸರಿ. ‘ಎಂಪ್ರೆಸ್ ಆಫ್ ಇಂಡಿಯಾ’ದ್ದು ಕಡುಗೆಂಪು ಹೂವು, ‘ಅಲಾಸ್ಕಾ’ದ ಎಲೆಯ ಮೇಲೆ ಬಿಳಿ ಮಚ್ಚೆಗಳಿರುತ್ತವೆ, ಹೂವಿಲ್ಲದಾಗಲೂ ನೋಡಲು ಚೆಂದ.

ಮಣ್ಣಿನ ವಿಷಯದಲ್ಲಿ ನಮ್ಮ ಅಭ್ಯಾಸವನ್ನು ಸ್ವಲ್ಪ ಬದಲಿಸಿಕೊಳ್ಳಬೇಕು. ಹೊಲದ ಎರೆ ಮಣ್ಣನ್ನು ತಂದು ಕುಂಡಕ್ಕೆ ತುಂಬಬೇಡಿ. ಅದು ನೀರು ಹಿಡಿದು ಬೇರು ಕೊಳೆಸುತ್ತದೆ, ಒಣಗಿದರೆ ಬಿರುಕು ಬಿಡುತ್ತದೆ. ಎರಡು ಪಾಲು ಮಸಾರಿ ಮಣ್ಣು, ಒಂದು ಪಾಲು ಮರಳು, ಒಂದು ಪಾಲು ಕೊಕೊಪೀಟ್ (ತೆಂಗಿನ ನಾರಿನ ಪುಡಿ), ಮೇಲೊಂದು ಹಿಡಿ ಚೆನ್ನಾಗಿ ಕಳಿತ ಕೊಟ್ಟಿಗೆ ಗೊಬ್ಬರ, ಇಷ್ಟು ಸಾಕು. ಪ್ರೀತಿಯಿಂದ ಗೊಬ್ಬರ ಸುರಿದಷ್ಟೂ ಕೊಡೆಯಗಲದ ಎಲೆಗಳು ಬರುತ್ತವೆಯೇ ಹೊರತು ಹೂವು ಬರುವುದಿಲ್ಲ. ಯೂರಿಯಾವನ್ನಂತೂ ಹತ್ತಿರವೂ ತರಬೇಡಿ. ಈ ಗಿಡವನ್ನು ಅರೆಹೊಟ್ಟೆಯಲ್ಲಿ ಇಟ್ಟರೇ ಅದು ಹೂ ಬಿಡುವ ಯೋಚನೆ ಮಾಡುತ್ತದೆ.

ಎಂಟರಿಂದ ಹತ್ತು ಇಂಚಿನ, ತಳದಲ್ಲಿ ತೂತಿರುವ ಮಣ್ಣಿನ ಕುಂಡ ಆರಿಸಿ. ಅದರ ಮೈಯಿಂದ ನೀರು ಆವಿಯಾಗುವುದರಿಂದ ಬೇರು ತಂಪಾಗಿರುತ್ತದೆ. ಪ್ಲಾಸ್ಟಿಕ್ ಕುಂಡ ಕಾಯುತ್ತದೆ.

ಬೀಜ ಕಡಲೆಕಾಳಿನ ಗಾತ್ರದ್ದು, ಸುಕ್ಕು ಸುಕ್ಕಾದ ಸಿಪ್ಪೆಯದ್ದು. ರಾತ್ರಿ ನೀರಿನಲ್ಲಿ ನೆನೆಹಾಕಿ ಬೆಳಿಗ್ಗೆ ಬಿತ್ತಿ. ಒಂದರಿಂದ ಒಂದೂವರೆ ಸೆಂಟಿಮೀಟರ್ ಆಳ ಇರಲಿ, ಮೇಲೆ ಮಣ್ಣು ಪೂರ್ತಿ ಮುಚ್ಚಿರಲಿ. ಕತ್ತಲಲ್ಲೇ ಇದು ಚೆನ್ನಾಗಿ ಮೊಳೆಯುತ್ತದೆ. ಕುಂಡಕ್ಕೆ ಮೂರು ಬೀಜ ಹಾಕಿ, ಮೊಳೆತ ಮೇಲೆ ಗಟ್ಟಿಮುಟ್ಟಾದ ಎರಡನ್ನು ಉಳಿಸಿಕೊಳ್ಳಿ. ಬೇರು ಕದಲಿದರೆ ಸಸಿ ಮುನಿಸಿಕೊಳ್ಳುತ್ತದೆ, ಆದ್ದರಿಂದ ಟ್ರೇಯಲ್ಲಿ ಎಬ್ಬಿಸಿ ಕಿತ್ತು ನೆಡುವುದಕ್ಕಿಂತ ನೇರವಾಗಿ ಕುಂಡದಲ್ಲೇ ಬಿತ್ತುವುದು ಮೇಲು. ವಾರದಿಂದ ಹತ್ತು ದಿನಕ್ಕೆ ಮೊಳಕೆ ಕಾಣಿಸುತ್ತದೆ. ಎಲೆ ಬಂದ ಮೇಲೆ ಗಮನಿಸಿ: ತೊಟ್ಟು ಅಂಚಿಗೆ ಅಂಟಿರುವುದಿಲ್ಲ, ಗುಂಡಗಿನ ಎಲೆಯ ನಡುವಿಗೇ ಬಂದು ಸೇರುತ್ತದೆ. ಅಲ್ಲಿಂದ ನರಗಳು ಸುತ್ತಲೂ ಹರಡುತ್ತವೆ. ಮೇಲೆ ನೀರು ಚಿಮುಕಿಸಿದರೆ ಒಂದು ಹನಿಯೂ ಅಂಟದೆ ಉರುಳಿಹೋಗುತ್ತದೆ.

ಇನ್ನು ಬೆಳಕು. ಮನೆಯೊಳಗೆ ಈ ಗಿಡ ಸೋಲುವುದು ಹೆಚ್ಚಾಗಿ ಇಲ್ಲೇ. ದಿನಕ್ಕೆ ನಾಲ್ಕೈದು ಗಂಟೆಯಾದರೂ ನೇರ ಬಿಸಿಲು ಬೀಳಬೇಕು. ಪೂರ್ವದ ಕಿಟಕಿ ಒಳ್ಳೆಯದು. ಡಿಸೆಂಬರ್, ಜನವರಿಯಲ್ಲಿ ಸೂರ್ಯ ದಕ್ಷಿಣಕ್ಕೆ ವಾಲುವುದರಿಂದ ದಕ್ಷಿಣದ ಕಿಟಕಿ ಇನ್ನೂ ಒಳ್ಳೆಯದು. ಪಶ್ಚಿಮದ್ದು ಬೇಡ, ಮಧ್ಯಾಹ್ನ ಕಾದ ಗೋಡೆ ರಾತ್ರಿಯೂ ಶಾಖ ಬಿಡುತ್ತಿರುತ್ತದೆ. ಕಾಂಡ ಸಪೂರವಾಗಿ ಉದ್ದಕ್ಕೆ ಎಳೆದುಕೊಂಡರೆ ಬೆಳಕು ಸಾಲದೆಂದೇ ತಿಳಿಯಿರಿ. ಎರಡು ಮೂರು ದಿನಕ್ಕೊಮ್ಮೆ ಕುಂಡವನ್ನು ತಿರುಗಿಸಿ, ರಾತ್ರಿ ಕಿಟಕಿ ತೆರೆದು ತಂಗಾಳಿ ಒಳಗೆ ಬಿಡಿ.

ನೀರು ಬೆಳಿಗ್ಗೆ, ಬೆರಳಿನ ಮೊದಲ ಗೆಣ್ಣಿನಷ್ಟು ಮಣ್ಣು ಒಣಗಿದಾಗ ಮಾತ್ರ. ಕೊಳವೆಬಾವಿಯ ಗಡಸು ನೀರಾದರೆ ಕುಂಡದ ಮೈಮೇಲೆ ಬಿಳಿ ಉಪ್ಪು ಕಟ್ಟುತ್ತದೆ. ಆಗಾಗ ತಳದಿಂದ ಹರಿಯುವಷ್ಟು ನೀರು ಹಾಕಿ ತೊಳೆದುಬಿಡಿ.

ಎಳೆ ತುದಿಗಳಲ್ಲಿ ಹೇನು ಮುತ್ತುತ್ತದೆ. ತಿನ್ನುವ ಗಿಡವಾದ್ದರಿಂದ ಔಷಧಿ ಹೊಡೆಯದೆ, ನಲ್ಲಿಯ ಕೆಳಗೆ ಹಿಡಿದು ಎಲೆಯ ಹಿಂಭಾಗವನ್ನು ತೊಳೆಯಿರಿ. ನಾಲ್ಕು ದಿನ ಬಿಡದೆ ಮಾಡಿದರೆ ಹತೋಟಿಗೆ ಬರುತ್ತದೆ.

ಹೌದು, ಇದು ತಿನ್ನುವ ಗಿಡ. ಎಲೆ, ಹೂವು, ಎಳೆಗಾಯಿ ಮೂರನ್ನೂ ತಿನ್ನಬಹುದು. ರುಚಿ ಸಾಸಿವೆಯಂತೆ ಮೂಗಿಗೆ ಹತ್ತುವ ಖಾರ. ಸಾಸಿವೆ, ನುಗ್ಗೆ, ಪಪ್ಪಾಯ ಇವೆಲ್ಲ ದೂರದ ನೆಂಟರೇ. ಜೋಳದ ರೊಟ್ಟಿಯ ಜೊತೆ ಹಸಿ ಮೆಂತ್ಯ, ಈರುಳ್ಳಿ, ಮೂಲಂಗಿ ತಿನ್ನುವ ನಮಗೆ ಇದನ್ನು ಪರಿಚಯಿಸುವ ಶ್ರಮವೇ ಇಲ್ಲ. ನಾಲ್ಕು ಎಳೆ ಎಲೆಗಳನ್ನು ಶೇಂಗಾ ಚಟ್ನಿ, ಗಟ್ಟಿ ಮೊಸರಿನ ಪಕ್ಕದಲ್ಲಿಡಿ. ಅಂಗಡಿಯಿಂದ ತಂದ ಅಲಂಕಾರದ ಗಿಡವಾದರೆ ತಿನ್ನಬೇಡಿ, ಅದಕ್ಕೆ ಏನು ಸಿಂಪಡಿಸಿದ್ದಾರೋ ನಮಗೆ ಗೊತ್ತಿರುವುದಿಲ್ಲ.

ಬಾಡಿದ ಹೂವನ್ನು ಚಿವುಟುತ್ತಿದ್ದರೆ ಹೊಸದು ಬರುತ್ತಲೇ ಇರುತ್ತದೆ. ಫೆಬ್ರವರಿಯಲ್ಲಿ ಮಾತ್ರ ಕೆಲವನ್ನು ಬೀಜಕ್ಕೆ ಬಿಡಿ. ಮನೆಯೊಳಗೆ ಜೇನುನೊಣ ಬರುವುದಿಲ್ಲ, ಆ ಕೆಲಸ ಸಣ್ಣ ಬ್ರಷ್‌ನಿಂದ ನೀವೇ ಮಾಡಬೇಕು. ಒಂದೇ ಹೂವಿನಲ್ಲಿ ಪರಾಗ ಮೊದಲು ಪಕ್ವವಾಗುತ್ತದೆ, ಪರಾಗವನ್ನು ಹಿಡಿದುಕೊಳ್ಳುವ ತುದಿ, ಅಂದರೆ ಶಲಾಕಾಗ್ರ, ಆಮೇಲೆ. ಆದ್ದರಿಂದ ಹೊಸ ಹೂವಿನ ಪರಾಗವನ್ನು ಹಳೆಯ ಹೂವಿಗೆ ಸವರಿ. ಕಾಯಿ ಮೂರು ಮೂರಾಗಿ ಕಟ್ಟುತ್ತದೆ, ಹಸಿರು ಹೋಗಿ ಮಾಸಲು ಬಣ್ಣಕ್ಕೆ ತಿರುಗಿದಾಗ ಮುಟ್ಟಿದರೆ ಉದುರುತ್ತದೆ. ನೆರಳಿನಲ್ಲಿ ಒಣಗಿಸಿ, ಕಾಗದದ ಪೊಟ್ಟಣಕ್ಕೆ ಹಾಕಿ, ಮನೆಯ ತಂಪಾದ ಜಾಗದಲ್ಲಿ ಮುಂದಿನ ದಸರಾದವರೆಗೆ ಇಡಿ.