ಮರಿ ಫೆರೆಟ್ ಸಾಕುವಾಗ ಕಣ್ಣಿಡಬೇಕಾದ್ದು ಅದರ ಬಾಯಿಯ ಮೇಲೆ

ಇಂಗ್ಲೆಂಡಿನ ಶೆಫೀಲ್ಡಿನ ನಮ್ಮ ಮನೆಯಲ್ಲಿ ಎರಡು ಫೆರೆಟ್‌ಗಳಿವೆ, ಒಂದು ಹೆಣ್ಣು, ಒಂದು ಗಂಡು. ಫೋಟೋ ನೋಡಿದ ನೆಂಟರೆಲ್ಲ ಮುಂಗುಸಿ ಅಂದುಕೊಳ್ಳುತ್ತಾರೆ. ಮುಂಗುಸಿಯ ಕುಲವೇ ಬೇರೆ. ಇದು ಯುರೋಪಿನ ಪೋಲ್‌ಕ್ಯಾಟ್ ಅನ್ನುವ ಕಾಡುಪ್ರಾಣಿಯಿಂದ ಬಂದ ಸಾಕುಪ್ರಾಣಿ. ನಮ್ಮ ಯಾರ್ಕ್‌ಶೈರ್ ಕಡೆ ಮೊಲವನ್ನು ಹೊರಗೋಡಿಸಲು ಅದರ ಬಿಲಕ್ಕೆ ಬಿಡಲೆಂದು ಇವನ್ನು ತಲೆಮಾರುಗಳಿಂದ ಸಾಕುತ್ತಿದ್ದಾರೆ. ಹಾಗಾಗಿ ಕೇಳಿ ತಿಳಿಯಲು ಹಳಬರು ಸಿಗುತ್ತಾರೆ. ನಾನು ಕಲಿತದ್ದು ಅವರಿಂದಲೇ.

ಹುಟ್ಟಿದ ಮರಿಗೆ ಕಣ್ಣೂ ಕಾಣಿಸದು, ಕಿವಿಯೂ ಕೇಳಿಸದು. ಕಣ್ಣು ಬಿಡುವುದಕ್ಕೇ ನಾಲ್ಕೈದು ವಾರ ಬೇಕು. ಎಂಟು ವಾರವಾದರೂ ಅದು ತಾಯಿಯ ಹತ್ತಿರ ಇರಬೇಕು. ಅದಕ್ಕೂ ಮೊದಲೇ ಕೊಡುತ್ತೇನೆ ಅಂದವರ ಹತ್ತಿರ ನಾನು ಮರಿ ತರಲಿಲ್ಲ. ಎಷ್ಟು ಕಚ್ಚಿದರೆ ಇನ್ನೊಬ್ಬರಿಗೆ ನೋವಾಗುತ್ತದೆ ಅನ್ನುವುದನ್ನು ಮರಿ ತಾಯಿ ಮತ್ತು ಒಡಹುಟ್ಟುಗಳ ಜೊತೆ ಆಡುತ್ತಲೇ ಕಲಿಯುವುದು.

ಆದರೂ ಕಚ್ಚುತ್ತವೆ. ಹಲ್ಲು ಸೂಜಿಯಂತಿರುತ್ತದೆ. ಬೆರಳು ಕಚ್ಚಿ ಹಿಡಿದಾಗ ಎಳೆದುಕೊಂಡರೆ ಅದಕ್ಕೆ ಬೇಟೆ ಓಡಿದ ಹಾಗೆ, ಇನ್ನೂ ಗಟ್ಟಿ ಹಿಡಿಯುತ್ತದೆ. ನಾನು ಬೆರಳನ್ನು ಅಲ್ಲಾಡಿಸದೆ, ಇನ್ನೊಂದು ಕೈಯಿಂದ ಕತ್ತಿನ ಹಿಂದಿನ ಸಡಿಲ ಚರ್ಮವನ್ನು ಮೆಲ್ಲಗೆ ಹಿಡಿದು, ಹೊಟ್ಟೆಯ ಕೆಳಗೆ ಅಂಗೈ ಕೊಟ್ಟು ಎತ್ತುತ್ತೇನೆ. ತಾಯಿ ಮರಿಯನ್ನು ಎತ್ತುವುದೂ ಅಲ್ಲೇ ಹಿಡಿದು. ಎತ್ತಿದ ಸ್ವಲ್ಪ ಹೊತ್ತಿಗೆ ಮೈ ಸಡಿಲವಾಗುತ್ತದೆ, ಬಾಯಿ ಬಿಡುತ್ತದೆ, ಆಮೇಲೆ ದೊಡ್ಡದಾಗಿ ಆಕಳಿಸುತ್ತದೆ! ಆಗ ಕೆಳಗೆ ಬಿಟ್ಟು, ಕಚ್ಚಲು ಒಂದು ಬಟ್ಟೆಯ ಗೊಂಬೆ ಕೊಡುತ್ತೇನೆ. ಬೈಯುವುದು, ಹೊಡೆಯುವುದು ಖಂಡಿತ ಬೇಡ. ಹೊಡೆಸಿಕೊಂಡ ಮರಿ ಹೆದರಿ ಇನ್ನೂ ಜಾಸ್ತಿ ಕಚ್ಚುತ್ತದೆ.

ಊಟದ ವಿಷಯದಲ್ಲಿ ಅಮ್ಮನಿಗೆ ಬಹಳ ಚಿಂತೆ. "ಒಂದಿಷ್ಟು ಹಾಲು ಅನ್ನ ಕಲಸಿ ಹಾಕಬಾರದೇನೋ?" ಅಂತ ಫೋನಿನಲ್ಲಿ ಕೇಳುತ್ತಿದ್ದರು. ಹಾಕುವಂತಿಲ್ಲ. ಇದು ಮಾಂಸ ತಿಂದೇ ಬದುಕುವ ಪ್ರಾಣಿ. ಹಾಲು ಕುಡಿದರೆ ಭೇದಿಯಾಗುತ್ತದೆ. ಅನ್ನ, ಹಣ್ಣು, ಸಿಹಿ ಯಾವುದನ್ನೂ ಕೊಡಬಾರದು. ಕರುಳು ಗಿಡ್ಡ, ತಿಂದದ್ದು ಮೂರ್ನಾಲ್ಕು ಗಂಟೆಯೊಳಗೆ ಹೊರಗೆ ಬರುತ್ತದೆ. ಹಾಗಾಗಿ ತಟ್ಟೆ ಖಾಲಿ ಇರಬಾರದು. ಫೆರೆಟ್‌ಗೆಂದೇ ಮಾಡಿದ ಒಣ ಆಹಾರವನ್ನು ಉಗುರುಬೆಚ್ಚಗಿನ ನೀರಿನಲ್ಲಿ ನೆನೆಸಿ ಕೊಟ್ಟೆ. ಜೊತೆಗೆ ಕೋಳಿಯ ಕೈಮಾ, ಗುಂಡಿಗೆ, ಸ್ವಲ್ಪ ಲಿವರ್. ಮೊದಲ ಆರು ತಿಂಗಳಲ್ಲಿ ರುಚಿ ನೋಡದ್ದನ್ನು ದೊಡ್ಡದಾದ ಮೇಲೆ ಅವು ಮೂಸಿ ಬಿಟ್ಟುಬಿಡುತ್ತವೆ, ಅದಕ್ಕೇ ಬೇಗ ಎಲ್ಲ ಬಗೆಯ ಮಾಂಸ ರೂಢಿ ಮಾಡಿಸಿದೆ. ಉಳಿದದ್ದನ್ನು ಸೋಫಾದಡಿ ಬಚ್ಚಿಡುತ್ತವೆ. ದಿನಾ ಸಂಜೆ ಹುಡುಕಿ ತೆಗೆಯುವುದೂ ಒಂದು ಕೆಲಸ.

ಅವು ಬಾಯಿಗೆ ಹಾಕಿಕೊಳ್ಳುವ ಬೇರೆ ವಸ್ತುಗಳೇ ನಿಜವಾದ ಅಪಾಯ. ರಬ್ಬರ್, ಫೋಮ್ ಕಂಡರೆ ಬಿಡುವುದಿಲ್ಲ. ಚಪ್ಪಲಿ, ಇಯರ್‌ಫೋನಿನ ತುದಿ, ರಿಮೋಟಿನ ಗುಂಡಿ ಎಲ್ಲವೂ ಅದರಲ್ಲಿ ಸೇರಿದವು. ತುಂಡು ಕರುಳಿನಲ್ಲಿ ಸಿಕ್ಕಿಕೊಂಡರೆ ಆಪರೇಷನ್ನೇ ಗತಿ. ಮರಿ ತರುವ ಮೊದಲು ನಾನು ನೆಲದ ಮೇಲೆ ಮಲಗಿ ಪ್ರತಿ ಸಂದಿಯನ್ನೂ ನೋಡಿ ಮುಚ್ಚಿದೆ. ತಲೆ ತೂರಿದ ಕಡೆ ಮೈಯೂ ತೂರುತ್ತದೆ.

ದಿನದಲ್ಲಿ ಹದಿನಾಲ್ಕರಿಂದ ಹದಿನೆಂಟು ಗಂಟೆ ನಿದ್ದೆ. ಕೆಲವು ಸಲ ಎಷ್ಟು ಗಾಢವೆಂದರೆ ಎತ್ತಿದರೂ ಏಳುವುದಿಲ್ಲ. ಮೈ ಬೆಚ್ಚಗಿದ್ದು, ಒಸಡು ಗುಲಾಬಿ ಬಣ್ಣದಲ್ಲಿದ್ದು, ಸ್ವಲ್ಪ ಹೊತ್ತಿಗೆ ಎದ್ದರೆ ಚಿಂತೆಯಿಲ್ಲ.

ಸೆಕೆ ಮಾತ್ರ ಇವಕ್ಕೆ ಆಗದು. ಬೆವರಿ ಮೈ ತಣ್ಣಗೆ ಮಾಡಿಕೊಳ್ಳಲು ಬರುವುದಿಲ್ಲ. 2022ರ ಜುಲೈನಲ್ಲಿ ಇಂಗ್ಲೆಂಡಿನಲ್ಲಿ 40 ಡಿಗ್ರಿ ದಾಟಿತಲ್ಲ, ಆಗ ನೀರಿನ ಬಾಟಲಿಗಳನ್ನು ಫ್ರೀಜರಿನಲ್ಲಿಟ್ಟು, ಟವೆಲ್ ಸುತ್ತಿ, ಪಕ್ಕದಲ್ಲಿಡುತ್ತಿದ್ದೆ. ಅವು ಒರಗಿಕೊಂಡು ಮಲಗುತ್ತಿದ್ದವು. ಬೆಂಗಳೂರಿನಲ್ಲಿ ಸಾಕಬಹುದಾ ಅಂತ ಕೇಳುವವರಿಗೆ ನಾನು ಮೊದಲು ಏಪ್ರಿಲ್ ತಿಂಗಳನ್ನು ನೆನಪಿಸುತ್ತೇನೆ.

ಫೆರೆಟ್ ನೋಡಿ ಅನುಭವವಿರುವ ಪಶುವೈದ್ಯರನ್ನು ಮೊದಲೇ ಹುಡುಕಿಟ್ಟುಕೊಳ್ಳಿ. ನಾಯಿಗಳಿಗೆ ಬರುವ ಡಿಸ್ಟೆಂಪರ್ ಅನ್ನುವ ವೈರಸ್ ರೋಗ ಫೆರೆಟ್‌ಗೆ ತಗುಲಿದರೆ ಬದುಕುವುದೇ ಅಪರೂಪ, ಲಸಿಕೆ ಹಾಕಿಸಲೇಬೇಕು. ನಮ್ಮ ಫ್ಲೂ ಕೂಡ ಅವಕ್ಕೆ ಅಂಟುತ್ತದೆ. ಮನೆಯಲ್ಲಿ ಯಾರಿಗಾದರೂ ಜ್ವರ ಬಂದರೆ ಅವರು ಮರಿ ಮುಟ್ಟುವುದಿಲ್ಲ. ಹೆಣ್ಣಿನದು ಇನ್ನೊಂದು ಕಷ್ಟ. ವಸಂತದಲ್ಲಿ ಬೆದೆಗೆ ಬಂದು ಗಂಡು ಸೇರದಿದ್ದರೆ ಬೆದೆ ತಿಂಗಳುಗಟ್ಟಲೆ ಇಳಿಯುವುದಿಲ್ಲ. ಬೆದೆಯ ಹಾರ್ಮೋನು ಮೂಳೆಯ ಮಜ್ಜೆಯನ್ನು ಕೆಡಿಸುತ್ತದೆ, ರಕ್ತಹೀನತೆಯಿಂದ ಹೆಣ್ಣು ಸಾಯಬಹುದು. ಮೊದಲ ವಸಂತ ಬರುವ ಮುಂಚೆಯೇ ನಾವು ಎರಡಕ್ಕೂ ಚರ್ಮದಡಿ ಬೆದೆ ತಡೆಯುವ ಹಾರ್ಮೋನ್ ಇಂಪ್ಲಾಂಟ್ ಹಾಕಿಸಿದೆವು. ಅದರ ಪ್ರಭಾವ ಇಳಿದ ಹಾಗೆ ಮತ್ತೆ ಹಾಕಿಸಬೇಕು, ಆ ತಾರೀಖನ್ನು ಕ್ಯಾಲೆಂಡರಿನಲ್ಲಿ ಬರೆದಿಟ್ಟಿದ್ದೇನೆ.